ಟಿಕೆಟ್ ತೋರಿಸು

"ನಿಮ್ಮ ಟಿಕೆಟ್ ಬಿತ್ತು ನೋಡ್ರಿ!"

ಸವಣೂರು ಬಸ್ ನಿಲ್ದಾಣದಿಂದ ಹೊರಟೇಬಿಟ್ಟಿದ್ದ ಶಿಗ್ಗಾಂವಿ ಬಸ್ಸಿನ ಪಕ್ಕ ಓಡುತ್ತ, ಕಿಟಕಿಯೊಳಗೆ ಕೈ ಚಾಚಿದ ಆ ಹುಡುಗನ ಹೆಸರು ಅತೀಕ. ಹೆಂಗಸರ ಫ್ರೀ ಟಿಕೆಟ್ಟಿಗಾಗಿ ಯಾರಾದರೂ ಹೀಗೆ ಓಡುತ್ತಾರೆಯೇ? ಕಿಟಕಿ ಪಕ್ಕ ಕೂತಿದ್ದ ನಿಖತ ಬಾಯ್ತುಂಬ ನಕ್ಕಳು. ಅಲ್ಲಿಗೆ ಹುಡುಗಿಯ ಕಥೆ ಮುಗಿಯಿತು... ಅಂದರೆ, ಶುರುವಾಯಿತು!

ಆರು ತಿಂಗಳಲ್ಲಿ ಮಂಗನಿ, ಅಂದರೆ ನಿಶ್ಚಿತಾರ್ಥ, ಆಗಿ ಬೆರಳಿಗೆ ಅವನ ಉಂಗುರ ಬಂತು.

"ದಿನಾ ಬಸ್ ಹತ್ತಿದ ಕೂಡ್ಲೆ ಟಿಕೆಟ್ ಫೋಟೊ ಕಳಸು. ನಮ್ಮನ್ನ ಕೂಡಿಸಿದ್ದ ಅದ ಅಲ್ಲೇನು?" ಅಂದ ಅತೀಕ.

ಶಿಗ್ಗಾಂವಿಯ ಹೊಲಿಗೆ ಅಂಗಡಿಗೆ ಕೆಲಸಕ್ಕೆ ಹೋಗುವ ನಿಖತ ತಪ್ಪದೆ ಕಳಿಸಿದಳು. ಇಷ್ಟು ಹಚ್ಚಿಕೊಳ್ಳುವವನು ಯಾರಿಗೆ ಸಿಗುತ್ತಾನೆ ಎಂದು ಒಳಗೊಳಗೇ ಬೀಗಿದಳು.

ಆಮೇಲೆ ಅವನು ಟಿಕೆಟ್ಟಿನ ಮೇಲಿನ ಸಮಯ ಓದಲು ಶುರು ಮಾಡಿದ.

"ಅಂಗಡಿ ಆರಕ್ಕ ಬಂದ್ ಆಗತೈತಿ. ಟಿಕೆಟ್ಟಿನ್ಯಾಗ ಆರು ನಲವತ್ತು ಐತಿ. ನಡುವ ಎಲ್ಲಿದ್ದಿ?"

"ಸವಿತಾನ ಕೂಡ ಚಾ ಕುಡ್ಯಾಕ ಹೋಗಿದ್ನಿರಿ..."

"ಆಕಿ ನಿನ್ನ ತಲಿ ಕೆಡಸ್ತಾಳ. ನನಗಿಂತ ಆಕೀನ ಹೆಚ್ಚಾದ್ಲೇನು?"

ಸವಿತಾ ಶಾಲೆಯ ಕಾಲದ ಗೆಳತಿ. ಅಂಗಡಿಯಲ್ಲಿ ಪಕ್ಕದ ಮಷಿನ್ನು, ಬಸ್ಸಿನಲ್ಲಿ ಪಕ್ಕದ ಸೀಟು ಅವಳದೇ. ನಿಖತ ಎರಡನ್ನೂ ಬಿಟ್ಟಳು. ಯಾಕೆಂದು ಸವಿತಾ ಕೇಳಿದರೆ ಕೆಲಸದ ನೆಪ ಹೇಳಿ ಎದ್ದು ಹೋದಳು.

ಹೀಗೇ ಮೂರು ತಿಂಗಳು. ಒಂದು ಗುರುವಾರ ಅಮ್ಮಿ ಮರಿಯಮಬಿ ಹಾನಗಲ್ಲಿನ ತಂಗಿಯ ಮನೆಗೆ ಹೋದವಳು ತಡವಾಗಿ ಬಂದಳು. ಫೋನೂ ಎತ್ತಿರಲಿಲ್ಲ. ಬಾಗಿಲಲ್ಲೇ ಕಾಯುತ್ತಿದ್ದ ನಿಖತ ಕೂಗಿದಳು.

"ಇಷ್ಟೊತ್ತು ಎಲ್ಲಿದ್ದಿ? ಯಾವ ಬಸ್ಸು? ಟಿಕೆಟ್ ತೋರಸು!"

ಅಮ್ಮಿ ಚಪ್ಪಲಿಯನ್ನೂ ಬಿಡದೆ ಸೆರಗಿನ ಗಂಟು ಬಿಚ್ಚತೊಡಗಿದಳು.

"ಐತಿ ಮಗಳ... ಇಲ್ಲೇ ಇಟ್ಟೇನಿ... ಸಿಟ್ಟಾಗಬ್ಯಾಡ."

ಆ ಹೆದರಿದ ಮುಖ! ಫೋನು ರಿಂಗಾದಾಗಲೆಲ್ಲ ಕನ್ನಡಿಯಲ್ಲಿ ಕಾಣುತ್ತಿದ್ದ ತನ್ನದೇ ಮುಖ.

ಅಯ್ಯೋ... ಬಾಯಿ ನನ್ನದು, ಮಾತು ಅತೀಕನದು! ಇದನ್ನೇ ನಾನು ಪ್ರೀತಿ ಎಂದುಕೊಂಡಿದ್ದೆನೇ?

ನಿಖತ ಅಮ್ಮಿಯ ಕಾಲು ತಬ್ಬಿ ಕುಸಿದಳು. "ಅಮ್ಮಿ, ನನಗ ಅವ್ರಂದ್ರ ಹೆದರಿಕಿ ಆಗತೈತಿ..."

ಮರಿಯಮಬಿ ಬಹಳ ಹೊತ್ತು ಮಗಳ ತಲೆ ಸವರಿದಳು. "ಹೆದರಕೊಂತ ಬಾಳೇವು ಮಾಡಾಕ ನಿನ್ನ ಕಳಸಂಗಿಲ್ಲ. ಜನ ಏನರ ಅನ್ನಲಿ."

ಈ ಮದುವೆ ಬೇಡವೆಂದು ಅಮ್ಮಿ ಹೇಳಿ ಕಳಿಸಿದ್ದು ಕೇಳಿ, ಮರುದಿನ ಮಧ್ಯಾಹ್ನ ಅತೀಕ ಬಂದು ಪಡಸಾಲೆಯಲ್ಲಿ ಗಳಗಳನೆ ಅತ್ತ.

"ಅದು ಪ್ರೀತಿ, ನಿಖತ! ನೀ ಇಲ್ಲಂದ್ರ ನಾ ಸಾಯ್ತೇನಿ."

ಬಸ್ಸಿನ ಪಕ್ಕ ಓಡಿದ್ದ ಹುಡುಗ ಇವನೇ ಅಲ್ಲವೇ! ನಿಖತ ಅವನ ಕಣ್ಣೊರೆಸಲು ಒಂದು ಹೆಜ್ಜೆ ಮುಂದಿಟ್ಟೇಬಿಟ್ಟಳು.

ಅತೀಕ ತಲೆ ಎತ್ತಿದ. "ಇದನ್ನ ಯಾರು ಕಲಿಸ್ಯಾರ? ಸವಿತಾ? ಫೋನ್ ತೋರಸು."

ಹೆಜ್ಜೆ ಅಲ್ಲೇ ನಿಂತಿತು. ನಿಖತ ಉಂಗುರ ತೆಗೆದು ಅವನ ಮುಂದಿಟ್ಟಳು.

"ನಿಮ್ಮ ಮ್ಯಾಲೆ ಭಾಳ ಜೀವ ಇಟ್ಟೇನ್ರಿ. ಆದ್ರ ಇನ್ನ ಏನೂ ತೋರಸಂಗಿಲ್ಲ."

ಸೋಮವಾರ ಬೆಳಿಗ್ಗೆ ಶಿಗ್ಗಾಂವಿ ಬಸ್ಸಿನಲ್ಲಿ ಸವಿತಾಳ ಪಕ್ಕದ ಸೀಟಿನ ಮೇಲೆ ಅವಳ ಊಟದ ಚೀಲವಿತ್ತು.

"ಕುಂಡ್ರಲೇನು?" ನಿಖತ ಸೀಟಿನ ಕಂಬಿ ಹಿಡಿದು ಕೇಳಿದಳು.

ಸವಿತಾ ಚೀಲ ಎತ್ತಿ ತೊಡೆಯ ಮೇಲಿಟ್ಟುಕೊಂಡಳು. "ಮೂರ ತಿಂಗಳಿಂದ ಹಿಡದಿಟ್ಟೇನಿ. ಬಾ."

ಕಂಡಕ್ಟರ್ ಟಿಕೆಟ್ ಕೊಟ್ಟ. ನಿಖತಳ ಕೈ ತಾನಾಗಿ ಫೋನಿಗೆ ಹೋಯಿತು... ಯಾರಿಗೆ ಕಳಿಸುವುದು? ದುಃಖ ಒತ್ತರಿಸಿ ಬಂತು.

"ಎಲ್ಲಿದ್ದಿ ಅಂತ ಕೇಳವ್ರು ಈಗ ಯಾರೂ ಇಲ್ಲ, ಸವಿತಾ..."

"ನಾ ಕೇಳತೇನಿ," ಸವಿತಾ ಅವಳ ಕೈ ಹಿಡಿದಳು. "ನಿನಗ ಹೇಳಬೇಕು ಅನಿಸಿದ್ರ ಹೇಳು. ಇಲ್ಲಂದ್ರ ಬ್ಯಾಡ."