ಮುಖ ಮಾತ್ರ ಒರೆಸಿದ ಚಿತ್ರ

೧೯೬೧ರ ಜುಲೈ ಏಳು, ಬೆಳಿಗ್ಗೆ ಹತ್ತು ಗಂಟೆ. ಮದರಾಸಿನ ಮೌಂಟ್ ರೋಡಿನಲ್ಲಿ ಆರ್ಟ್ ಗ್ಯಾಲರಿ ಇಟ್ಟಿದ್ದ ಕೃಷ್ಣರಾಜ ಠಾಣೆಗೆ ಬಂದು, ಪ್ರದರ್ಶನದಲ್ಲಿದ್ದ ಬತ್ತಲೆ ಹೆಂಗಸಿನ ಚಿತ್ರವನ್ನು ಯಾರೋ ಹಾಳು ಮಾಡಿದ್ದಾರೆಂದು ದೂರು ಕೊಟ್ಟ. ಇನ್‌ಸ್ಪೆಕ್ಟರ್ ಏಕಾಂತಪ್ಪ ಎಫ್‌ಐಆರ್ ದಾಖಲಿಸಿ ಹೊರಟರು.

ಗ್ಯಾಲರಿಯಲ್ಲಿ ಪಂಚನಾಮೆಯಾಯಿತು. ಸೀಮೆಎಣ್ಣೆಯ ವಾಸನೆ ಇನ್ನೂ ಇತ್ತು. ಮುಖ ಅಳಿಸಿಹೋಗಿತ್ತು, ಕುತ್ತಿಗೆಯಿಂದ ಕೆಳಗೆ ಒಂದು ಗೀರೂ ಇಲ್ಲ. ಏಕಾಂತಪ್ಪ ಮುಟ್ಟಿ ನೋಡಿದರು. ಮುಖದ ಅಂಚಿನ ಬಣ್ಣ ಹಸಿ, ಮೈಯದು ಒಣಗಿ ಗಟ್ಟಿ.

"ಮುಖ ಯಾವಾಗ ಬರೆದಿರಿ?" ಎಂದು ಚಿತ್ರಕಾರ ಭೋಜರಾಜನನ್ನು ಕೇಳಿದರು.

"ಹೋದ ವಾರ ಸಾರ್."

"ಮೈ?"

"ವರ್ಷವಾಯ್ತು. ಮುಖ ಬರೆಯೋಲ್ಲ ಅಂತ ಆಕೆಗೆ ಮಾತು ಕೊಟ್ಟಿದ್ದೆ. ಕೊಳ್ಳೋರು ಮುಖ ಬೇಕೇ ಬೇಕು ಅಂದ್ರು..."

"ಬರೆದುಬಿಟ್ರಿ! ಥೂ! ಯಾರು ಆಕೆ?"

"ರತ್ನಾವತಿ. ತ್ರಿಪ್ಲಿಕೇನ್ ಹೋಟೆಲಲ್ಲಿ ಹಿಟ್ಟು ರುಬ್ಬುತ್ತಾಳೆ."

"ಪ್ರದರ್ಶನದ ಸಂಜೆ ಪಾರ್ಟಿಗಳಿಗೆ ತಿಂಡಿ ಬರೋದೂ ಅಲ್ಲಿಂದ್ಲೇ," ಎಂದ ಕೃಷ್ಣರಾಜ. "ಇವತ್ತು ಬೆಳಿಗ್ಗೆ ಪಾತ್ರೆ ಒಯ್ಯೋಕೆ ಅವಳೇ ಬಂದಿದ್ಲು."

ಚಿತ್ರ ಕೊಂಡಿದ್ದ ಮಿಲ್ ಮಾಲೀಕ ಪಕ್ಕದಲ್ಲೇ ಸಿಗಾರ್ ಸೇದುತ್ತಿದ್ದ. "ರಿಪೇರಿ ಬೇಡ, ಹೀಗೇ ಇರ್ಲಿ. ಈಗ ಇದಕ್ಕೊಂದು ಕತೆ ಇದೆ!"

"ನಷ್ಟ ಇಲ್ಲವಲ್ಲ. ದೂರು ವಾಪಸ್ ತಗೊಳ್ಳಿ," ಎಂದರು ಏಕಾಂತಪ್ಪ.

"ಛೆ ಛೆ! ಅರೆಸ್ಟ್ ಆದ್ರೇನೇ ಕತೆಗೆ ಬೆಲೆ," ಎಂದು ಕೃಷ್ಣರಾಜ ನಕ್ಕ. ಇವರ ಕಲೆಗಿಷ್ಟು ಬೆಂಕಿ ಹಾಕ! ಏಕಾಂತಪ್ಪನವರಿಗೆ ಅವನ ಕೆನ್ನೆಗೆ ಎರಡು ಬಿಗಿಯಬೇಕೆನಿಸಿತು.

ಹೋಟೆಲಿನ ಹಿತ್ತಿಲಲ್ಲಿ ರತ್ನಾವತಿ ರುಬ್ಬುವ ಕಲ್ಲಿನ ಮುಂದೆ ಕೂತಿದ್ದಳು. ಸೆರಗು ಸೀಮೆಎಣ್ಣೆ ನಾರುತ್ತಿತ್ತು.

"ನೀನೇ ಒರೆಸಿದ್ದಾ ತಾಯಿ?"

"ಹೌದು. ಎಂತ ಮಾಡುದು ಮಾರಾಯ್ರೆ? ಗಂಡ ಸತ್ತಾಗ ಹೊಟ್ಟೆಗಿಲ್ಲದೆ ಚಿತ್ರಕ್ಕೆ ಕೂತದ್ದು. ಮುಖ ಹಾಕುದಿಲ್ಲ ಅಂದಿದ್ರು. ನಿನ್ನೆ ತಿಂಡಿ ಕೊಂಡುಹೋದೆ, ನೋಡಿದ್ರೆ ಗೋಡೆ ಮೇಲೆ ನಾನೇ! ಇವತ್ತು ಸಂಜೆ ಅಲ್ಲಿ ಬಡಿಸ್ಲಿಕ್ಕೆ ನಮ್ಮ ಹೋಟೆಲ್ ಯಜಮಾನ್ರೇ ಹೋಗುದು. ಅವರ ಮಗನಿಗೇ ನನ್ನ ಮಗಳು ಬೇಬಿಯನ್ನು ಕೊಡ್ಲಿಕ್ಕೆ ಮಾತಾಗಿದೆ. ಅವರು ನೋಡಿದ್ರೆ ಮುಗಿದೇ ಹೋಯ್ತಲ್ಲ?"

ಏಕಾಂತಪ್ಪ ಕಾನ್‌ಸ್ಟೇಬಲ್‌ಗೆ ಕಣ್ಸನ್ನೆ ಮಾಡಿ ಯಾರಿಗೂ ಕಾಣದಂತೆ ಅವಳನ್ನು ಹಿಂಬಾಗಿಲಿನಿಂದ ಕರೆದೊಯ್ಯಲು ಹೇಳಿದರು. ಹಿಂಬಾಗಿಲಲ್ಲಿ ಕೃಷ್ಣರಾಜ ಪೇಪರಿನ ಫೋಟೋಗ್ರಾಫರನನ್ನು ನಿಲ್ಲಿಸಿಕೊಂಡಿದ್ದ.

"ಅಮ್ಮಾ, ಮುಖದ ಮೇಲಿನ ಸೆರಗು ತೆಗೀರಿ. ಮುಖ ಕಾಣ್ಬೇಕು," ಎಂದ ಫೋಟೋಗ್ರಾಫರ್. ಅವಳು ಗಾಬರಿಯಿಂದ ತಲೆ ಎತ್ತಿದಳು, ಅಷ್ಟೇ ಸಾಕಾಯಿತು.

ವರದಿಯಲ್ಲಿ ಏಕಾಂತಪ್ಪ ಬರೆದರು: ಮಗಳ ಮದುವೆ ತಪ್ಪದಿರಲಿ ಎಂದು ಆರೋಪಿ ಈ ಕೃತ್ಯ ಎಸಗಿರುತ್ತಾಳೆ. ಮರುದಿನ ಪೇಪರಿನಲ್ಲಿ ಆ ಚಿತ್ರದ ಪಕ್ಕದಲ್ಲೇ ಅವಳ ಫೋಟೋ ಬಂತು. ಮಧ್ಯಾಹ್ನಕ್ಕೆ ಯಜಮಾನರು ಸಂಬಂಧ ಬೇಡವೆಂದು ಹೇಳಿಕಳಿಸಿದರು.