ತೇಲುನಾಡಿಗೆ ಹೋದ ಕೂಗು

ಕಲ್ಪಗವಾಕ್ಷ ಮೆಲ್ಲಗೆ ಬೆಳಗಿತು. ಮೊದಲು ಮಂಜು, ಆಮೇಲೆ ಮಂಜಿನ ನಡುವೆ ನಿಧಾನವಾಗಿ ಜಾಗ ಬದಲಿಸುವ ಬೆಟ್ಟಗಳು, ಅವುಗಳ ಮೈಮೇಲೆ ನೀಲಿ ಹೊಲಗಳು. ಅದೇ ತೇಲುನಾಡು. ಗುರುಶಾಂತಪ್ಪ ಮುಖ ತಿರುಗಿಸಿದ. ಹೆಂಡತಿಯನ್ನು ಮೂವತ್ತೊಂದು ವರ್ಷ ತನ್ನಿಂದ ಕಸಿದುಕೊಂಡ ನಾಡನ್ನು ಯಾವ ಗಂಡ ತಾನೇ ಕಣ್ತುಂಬ ನೋಡಿಯಾನು?

ಗದಗಿನ ಈ ಪ್ರಯೋಗಾಲಯದಲ್ಲಿ ಗವಾಕ್ಷವೆಂಬ ಯಂತ್ರವನ್ನು ಕಟ್ಟಿದವಳು ಅವನ ಹೆಂಡತಿ, ಕಾಲವಿಜ್ಞಾನಿ ನೀಲಾಂಬಿಕಾ. ಒಬ್ಬರ ಕಲ್ಪನೆಯನ್ನು ಯಂತ್ರದಲ್ಲಿ ಬಿತ್ತಿದರೆ ಒಳಗೊಂದು ಲೋಕ ತಾನಾಗಿ ಬೆಳೆಯುತ್ತದೆ. ಅಲ್ಲಿ ಜನ ಹುಟ್ಟುತ್ತಾರೆ, ಬಾಳುತ್ತಾರೆ, ಸಾಯುತ್ತಾರೆ. ಆದರೆ ಅಲ್ಲಿನ ಕಾಲದ ಓಟವೇ ಬೇರೆ. ನಮ್ಮ ಒಂದು ದಿನ ಅವರಿಗೆ ಒಂದು ವರ್ಷ. ಇದಕ್ಕೆ ಅವಳು ‘ಕಾಲಾನುಪಾತ’ ಎಂದು ಹೆಸರಿಟ್ಟಳು. ಬಾಲ್ಯದ ಕನಸೊಂದನ್ನು ಬಿತ್ತಿ, ಕುರ್ಚಿ ಬಿಟ್ಟೇಳದೆ ಅದರ ಕಣಿವೆಗಳನ್ನೆಲ್ಲ ಅಲೆದಳು, ನಕ್ಷೆ ಬರೆದಳು, ಧ್ವನಿನಾಳದ ಮೂಲಕ ಅಲ್ಲಿನವರಿಗೆ ಕಾಲದ ಪಾಠ ಹೇಳಿದಳು. ಮನೆಯಲ್ಲಿ ಉಪ್ಪಿನ ಡಬ್ಬಿ ಎಲ್ಲಿದೆಯೆಂಬುದು ಮಾತ್ರ ಅವಳಿಗೆ ಕೊನೆಯವರೆಗೂ ಗೊತ್ತಾಗಲಿಲ್ಲ.

ಗುರುಶಾಂತಪ್ಪನದು ಖಾನಾವಳಿ. ದಿನಾ ಮಧ್ಯಾಹ್ನ ಬುತ್ತಿ ತಂದು, ಬಾಗಿಲಲ್ಲೇ ನಿಂತು ಕೂಗುತ್ತಿದ್ದ. ಅವಳು ಒಂದೇ ಕೂಗಿಗೆ ಎದ್ದು ಬರುತ್ತಿದ್ದಳು. ಅವನಿಗಿದ್ದ ಸಮಾಧಾನ ಅದೊಂದೇ. ಅವಳು ತೀರಿಕೊಂಡು ಹನ್ನೊಂದು ದಿನವಾಗಿತ್ತು. ಬುತ್ತಿ ಕಟ್ಟುವ ರೂಢಿ ಮಾತ್ರ ಅವನ ಕೈ ಬಿಟ್ಟಿರಲಿಲ್ಲ. ದಿನವೂ ಕಟ್ಟುತ್ತಿದ್ದ, ಬಿಚ್ಚದೆ ಹಾಗೇ ಇಡುತ್ತಿದ್ದ.

ಗವಾಕ್ಷವನ್ನು ಅವಳು ಗಂಡನ ಹೆಸರಿಗೆ ಬರೆದಿಟ್ಟಿದ್ದಳು. ಮುಚ್ಚಲು ಅವನ ಸಹಿ ಸಾಕಿತ್ತು.

“ಎಲ್ಲಿ ಸಹಿ ಮಾಡ್ಲಿ, ತಂಗಿ?”

“ಮುಚ್ಚಿದ್ರ ಆ ನಾಡು ಅಳಿದು ಹೋಗತೈತಿ, ಕಾಕಾ,” ಎಂದಳು ನೀಲಾಂಬಿಕೆಯ ಶಿಷ್ಯೆ ರಜಿಯಾ. “ಒಮ್ಮೆ ನೋಡ್ರಿ, ಆಮ್ಯಾಲ ಹಾಕ್ರಿ.”

“ನನ್ನ ಹೇಣ್ತಿನೇ ಹೋದ್ಲು. ಅದ್ಯಾಕ ಉಳೀಬೇಕು?”

ರಜಿಯಾ ಗುಂಡಿಯೊಂದನ್ನು ಒತ್ತಿದಳು. ಗವಾಕ್ಷ ಹಿಂದಿನ ದಿನದ ಒಂದು ಗಳಿಗೆಯನ್ನು ನಿಧಾನಿಸಿ ತೋರಿಸಿತು. ಒಂದು ಅಂಗಳ. ಸಾಲಾಗಿ ತಟ್ಟೆ ಹಾಕಿದ್ದಾರೆ, ಅಡುಗೆಯಿಂದ ಹಬೆಯೇಳುತ್ತಿದೆ. ಮುದುಕರು ಆಕಾಶ ನೋಡುತ್ತ ಕೂತಿದ್ದಾರೆ. ಯಾರೂ ತುತ್ತು ಎತ್ತಿಲ್ಲ.

“ಯಾರ ಹಾದಿ ಕಾಯಾಕತ್ತಾರ?”

“ನಿಮ್ಮದು, ಕಾಕಾ.”

ರಜಿಯಾ ಬಿಡಿಸಿ ಹೇಳಿದಳು. ನೀಲಾಂಬಿಕೆಯ ಪಾಠಗಳನ್ನು ಧ್ವನಿನಾಳ ಅಲ್ಲಿನ ವೇಗಕ್ಕೆ ಹೊಂದಿಸಿ ಕಳಿಸುತ್ತಿತ್ತು. ಬಾಗಿಲಿನ ಕೂಗು ಮಾತ್ರ ಹೊಂದಿಕೆಯಾಗದೆ ಹಾಗೇ ನುಸುಳಿಬಿಟ್ಟಿತ್ತು. ಇಲ್ಲಿನ ಐದು ಸೆಕೆಂಡ್ ಅಲ್ಲಿ ಅರ್ಧ ಗಂಟೆ. ವರ್ಷಕ್ಕೊಮ್ಮೆ ಅದು ಆಕಾಶದ ತುಂಬ ಗುಡುಗಿನಂತೆ ಉರುಳುತ್ತಿತ್ತು, ಕೇಳಿದೊಡನೆ ಅವರಿಗೆ ಮುಗಿಲಿನಲ್ಲಿ ಕಾಣುತ್ತಿದ್ದ ಹೆಂಗಸು, ಅಂದರೆ ಗವಾಕ್ಷದ ಮುಂದೆ ಕೂತ ನೀಲಾಂಬಿಕಾ, ಎದ್ದು ಹೋಗುತ್ತಿದ್ದಳು. ಅದನ್ನು ಕಂಡು ಅವರೂ ಕೆಲಸ ಬಿಟ್ಟು ಮನೆಗೆ ಹೋಗತೊಡಗಿದರು. ಮುನಿಸಿಕೊಂಡು ದೂರವಾದವರೂ ಆ ದಿನ ಒಂದೇ ಅಂಗಳದಲ್ಲಿ ಉಣ್ಣುತ್ತಿದ್ದರು. ಹನ್ನೊಂದು ಸಾವಿರ ವರ್ಷಗಳಿಂದ ಅವರಿಗಿದ್ದ ಹಬ್ಬ ಅದೊಂದೇ.

“ಆಕಿ ಹೇಳಿದ ಪಾಠ?”

“ಒಂದೂ ಉಳಿದಿಲ್ಲ. ಮೇಡಂಗ ಅದು ಗೊತ್ತಿತ್ತು, ನೆನೆಸಿಕೊಂಡು ನಗತಿದ್ರು. ಅದಕ್ಕ ನಿಮ್ಮ ಹೆಸರಿಗೆ ಬರದಾರ.”

ಹನ್ನೊಂದು ದಿನವೆಂದರೆ ಹನ್ನೊಂದು ವರ್ಷ. ಅಷ್ಟೂ ವರ್ಷ ಆ ಅಂಗಳದಲ್ಲಿ ಕೂಗು ಕೇಳಿರಲಿಲ್ಲ ಎಂದು ಗುರುಶಾಂತಪ್ಪ ಲೆಕ್ಕ ಹಾಕಿದ.

“ಈಗ ಮತ್ತ ತಟ್ಟೆ ಹಾಕ್ಯಾರ,” ಎಂದಳು ರಜಿಯಾ. “ಅವರ ಹಬ್ಬದ ದಿನ ಮುಗಿಯಾಕ ನಮಗ ನಾಲ್ಕ ನಿಮಿಷ.”

ಅವನು ಎದ್ದು ಬಾಗಿಲಿಗೆ ಹೋಗಿ, ಸವೆದ ಹೊಸ್ತಿಲ ಮೇಲೆ ನಿಂತ. ಎದುರಿಗೆ ಖಾಲಿ ಕುರ್ಚಿ. ಕೂಗಿದರೆ ಎದ್ದು ಬರುವವಳಿಲ್ಲ ಎಂಬುದು ಹನ್ನೊಂದು ದಿನಗಳಲ್ಲಿ ಮೊದಲ ಸಲ ಅವನಿಗೆ ಪೂರ್ತಿ ಅರ್ಥವಾಯಿತು. ಆದರೂ ಕೂಗಿದ.

“ನೀಲಾ, ರೊಟ್ಟಿ ಆರಾಕತ್ತಾವು, ಲಗೂನ ಬಾ!”

ರಜಿಯಾ ನಿಧಾನಿಸಿ ತೋರಿಸಿದ ಗವಾಕ್ಷದಲ್ಲಿ ಮಕ್ಕಳು ಬೆದರಿ ತಾಯಂದಿರನ್ನು ತಬ್ಬಿಕೊಂಡವು. ಅವು ಈ ಸದ್ದನ್ನು ಎಂದೂ ಕೇಳಿರಲಿಲ್ಲ. ಮುದುಕರು ಅಳುತ್ತಲೇ ನಕ್ಕರು. ತೇಲುವ ಬೆಟ್ಟಗಳಿಂದ ಜನ ಸಾಲುಸಾಲಾಗಿ ಇಳಿದು ಮನೆಗಳತ್ತ ನಡೆದರು.

ಗುರುಶಾಂತಪ್ಪ ಕಣ್ಣೊರೆಸಿಕೊಂಡು ಬಂದು, ಕಾಗದವನ್ನು ಪಕ್ಕಕ್ಕೆ ಸರಿಸಿ, ಬುತ್ತಿ ಬಿಚ್ಚಿದ.

“ನಾಳಿ ಮಧ್ಯಾಹ್ನ ಬರ್ತೀನಿ. ಕೈ ತೊಳಕೊಂಡು ಬಾ ತಂಗಿ, ಉಣ್ಣೂಣು.”