ಗೊರಕೆ ಹೊಡೆಯುವ ಗೂಬೆಮರಿ

"ಸಿಮೆಂಟ್ ಕಲಸಾಯ್ತು. ಏಣಿ ತನ್ನಿ," ಎಂದ ಗಾರೆ ಮೇಸ್ತ್ರಿ.

ಕೆಳಗೆ ನಿಂತಿದ್ದ ಚೂಟಿ ತಟ್ಟನೆ ತಲೆಯೆತ್ತಿ ನೋಡಿದಳು. ಮೆಟ್ಟಿಲ ಮೇಲಿನ ಗೋಡೆಯ ತೂತಿನೊಳಗೆ ಗೂಬೆಮರಿಗಳಿದ್ದವು. ಆ ತೂತನ್ನೇ ಮುಚ್ಚಲು ಹೊರಟಿದ್ದರು.

ಎಲ್ಲ ನಿನ್ನೆಯ ಟೀವಿಯಿಂದ ಆದದ್ದು. ಚೂಟಿಯ ಚಿಕ್ಕಮ್ಮ ನ್ಯೂಸ್ ಚಾನೆಲ್‌ನಲ್ಲಿ ವಿಡಿಯೋ ಎಡಿಟರ್. ಚೂಟಿ ಅಮ್ಮನ ಫೋನಿನಲ್ಲಿ ಒಂದು ಮರಿಯ ವಿಡಿಯೋ ಮಾಡಿ ಅವಳಿಗೆ ಕಳಿಸಿದ್ದಳು. ಚಿಕ್ಕಮ್ಮ ಅದರ ಕಣ್ಣಿಗೆ ಕೆಂಪು ಸುತ್ತು ಹಾಕಿ, ಮೇಲೊಂದು ಕಿರುಚಾಟ ಸೇರಿಸಿ, 'ಕೊಲೆಗಾರ ಹಕ್ಕಿ' ಎಂದು ಹೆಸರಿಟ್ಟಳು. ತನ್ನ ವಿಡಿಯೋ ಟೀವಿಯಲ್ಲಿ ಬಂತೆಂದು ಚೂಟಿ ಕುಣಿದಾಡಿದ್ದೇ ಕುಣಿದಾಡಿದ್ದು. ಆದರೆ ಅದನ್ನು ನೋಡಿ ಹೆದರಿದ ಅಪಾರ್ಟ್‌ಮೆಂಟಿನವರು ಮೇಸ್ತ್ರಿಯನ್ನು ಕರೆಸಿದ್ದರು. ಈಗ ಅವಳಿಗೆ ನಿಂತಲ್ಲಿ ನಿಲ್ಲಲಾಗಲಿಲ್ಲ. ಓಡಿಹೋಗಿ ಚಿಕ್ಕಮ್ಮನಿಗೆ ಫೋನ್ ಮಾಡಿದಳು.

"ಅದು ಕಿರುಚೋದೇ ಇಲ್ಲ ಚಿಕ್ಕಮ್ಮ. ಯಾಕೆ ಹಾಗೆ ಮಾಡಿದೆ?"

"ಸುಮ್ನೆ ಕೂತಿರೋ ಗೂಬೆನ ಯಾರು ನೋಡ್ತಾರೆ ಕಂದಾ? ಎಲ್ಲಾ ಪ್ರಾಣಿಗೂ ನಾವು ಅದೇ ಸೌಂಡ್ ಹಾಕೋದು."

ಚೂಟಿಗೆ ಅಳುವೇ ಬಂತು. ಫೋನ್ ಹಿಡಿದು ಮತ್ತೆ ಮೆಟ್ಟಿಲಿಗೆ ಓಡಿದಳು. ಮೇಸ್ತ್ರಿ ಆಗಲೇ ಏಣಿ ಹತ್ತಿದ್ದ. ಅಪಾರ್ಟ್‌ಮೆಂಟಿನ ಸೆಕ್ರೆಟರಿ ಅಂಕಲ್ ತಲೆಗೆ ಹೆಲ್ಮೆಟ್ ಹಾಕಿಕೊಂಡು ದೂರದಲ್ಲೇ ನಿಂತಿದ್ದರು.

"ಅಂಕಲ್, ಆ ವಿಡಿಯೋ ಮಾಡಿದ್ದು ನಾನೇ. ಆ ಸದ್ದು ಅದರದ್ದಲ್ಲ. ಅಸಲಿ ಸದ್ದು ಇಲ್ಲಿದೆ, ಒಂದ್ಸಲ ಕೇಳಿ."

ಫೋನಿನಿಂದ ಸದ್ದು ಬಂತು. ಗೊರ್ರ್... ಗೊರ್ರ್...

"ಇದೇನು, ಗೊರಕೆನಾ?" ಎಂದ ಮೇಸ್ತ್ರಿ.

"ಹಸಿವಾದ್ರೆ ಹಾಗೆ ಮಾಡ್ತವೆ."

"ನಮ್ಮನೆಯವರದ್ದು ಇದಕ್ಕಿಂತ ಜೋರು," ಎಂದರು ಪಕ್ಕದಲ್ಲೇ ನಿಂತಿದ್ದ ಸೆಕ್ರೆಟರಿಯ ಹೆಂಡತಿ.

ಎಲ್ಲರೂ ನಕ್ಕರು. ಅಷ್ಟರಲ್ಲಿ ತೂತಿನೊಳಗಿಂದಲೂ ಗೊರ್ರ್ ಎಂದಿತು. ಅಂಕಲ್ ಹೆಲ್ಮೆಟ್ ತೆಗೆದು ಕಿವಿಗೊಟ್ಟರು.

"ಸರಿ, ಮರಿಗಳು ಹಾರಿಹೋಗೋವರೆಗೂ ಇರಲಿ," ಎಂದರು.

"ಕಲಸಿದ ಸಿಮೆಂಟು?" ಎಂದ ಮೇಸ್ತ್ರಿ.

ಅಂಕಲ್ ಒಡೆದ ಮೆಟ್ಟಿಲಿನ ಕಡೆ ಕೈ ತೋರಿಸಿದರು.

ಸಂಜೆ ಟೀವಿಯಲ್ಲಿ 'ಬೀದಿಗೆ ನುಗ್ಗಿದ ರಾಕ್ಷಸ ನರಿ' ಬಂತು. ಅದಕ್ಕೂ ಕೆಂಪು ಸುತ್ತು, ಅದೇ ಕಿರುಚಾಟ. ಅಪ್ಪ ಎರಡೂ ಕಾಲನ್ನು ಸೋಫಾದ ಮೇಲೆ ಎತ್ತಿಟ್ಟುಕೊಂಡ.

ಚೂಟಿ ರಿಮೋಟ್ ತೆಗೆದುಕೊಂಡು ಮ್ಯೂಟ್ ಒತ್ತಿದಳು.

ಸದ್ದಿಲ್ಲದ ಟೀವಿಯಲ್ಲಿ ಒಂದು ಬಡಕಲು ನರಿ ಈ ಗೇಟಿನಿಂದ ಆ ಗೇಟಿಗೆ ಓಡುತ್ತಿತ್ತು. ಎಲ್ಲ ಗೇಟುಗಳೂ ಮುಚ್ಚಿದ್ದವು.

"ಅಪ್ಪಾ, ಅದು ದಾರಿ ಹುಡುಕ್ತಿದೆ," ಎಂದಳು ಚೂಟಿ.

ಅಪ್ಪ ಸ್ವಲ್ಪ ಹೊತ್ತು ನೋಡಿದ. ಆಮೇಲೆ ಮೆಲ್ಲಗೆ ಕಾಲು ಕೆಳಗಿಳಿಸಿದ.